ಗಂಧದ ಗಣಪನ ತಳದಲ್ಲಿ ಹೆಸರಿಲ್ಲ

ಸಾಗರ, ಸೊರಬದ ಗುಡಿಗಾರರು ಕೆತ್ತಿದ ಮೂರ್ತಿಗಳು ದಕ್ಷಿಣ ಕ್ಯಾಲಿಫೋರ್ನಿಯಾದ ಕನ್ನಡಿಗರ ಮನೆಗಳಲ್ಲಿ ಪೂಜೆಗೊಳ್ಳುತ್ತಿವೆ. ಕೆತ್ತಿದವರು ಯಾರು ಎಂದು ಕೇಳಿದರೆ ಮಾತ್ರ ಉತ್ತರ ಸಿಗುವುದು ಕಷ್ಟ.

ನಾರ್ತ್‌ರಿಜ್ (ಲಾಸ್ ಏಂಜಲೀಸ್): ಇಲ್ಲಿನ ಸ್ಯಾನ್ ಫರ್ನಾಂಡೊ ಕಣಿವೆಯ ಮನೆಗಳ ನಕ್ಷೆಯಲ್ಲಿ ದೇವರಕೋಣೆ ಇರುವುದಿಲ್ಲ. ಬಟ್ಟೆ ಇಡುವ ಕ್ಲಾಸೆಟ್ಟೋ, ಅಡುಗೆಮನೆ ಪಕ್ಕದ ಪ್ಯಾಂಟ್ರಿಯೋ ದೇವರಿಗೆ ಜಾಗ ಬಿಟ್ಟುಕೊಡಬೇಕು. ಹೊಗೆ ಅಲಾರಂ ಕೂಗೀತೆಂದು ಊದುಬತ್ತಿ ಹಚ್ಚುವುದರಲ್ಲೂ ಹಿಡಿತ. ಅಂಥ ಗೂಡಿನಲ್ಲಿ ಬೆಳ್ಳಿ ದೀಪ, ಮನೆದೇವರ ಫೋಟೊಗಳ ನಡುವೆ ಅಂಗೈಯಗಲದ ಶ್ರೀಗಂಧದ ಗಣಪನೊಬ್ಬ ಕೂತಿರುವುದು ಸಾಮಾನ್ಯ. ಮದುವೆಗೆ ಬಂದ ಉಡುಗೊರೆ, ಗೃಹಪ್ರವೇಶಕ್ಕೆ ಅತ್ತೆ ಮಾವ ತಂದದ್ದು, ಇಲ್ಲವೇ ರಜೆಗೆ ಹೋದಾಗ ಮೈಸೂರಿನಲ್ಲಿ ಕೊಂಡದ್ದು.

ಎಲ್ಲಿಂದ ತಂದಿರಿ ಎಂದರೆ ‘ಕಾವೇರಿ ಎಂಪೋರಿಯಂ’ ಎಂಬ ಉತ್ತರ ಥಟ್ಟನೆ ಬರುತ್ತದೆ. ಯಾವ ಮರ ಎಂದರೆ ಮೂಗಿನ ಹತ್ತಿರ ಹಿಡಿದು ತೋರಿಸುತ್ತಾರೆ. ಮಾಡಿದವರು ಯಾರು ಎಂದರೆ ಮೂರ್ತಿಯನ್ನು ತಿರುಗಿಸಿ ತಳ ನೋಡುತ್ತಾರೆ. ಅಲ್ಲಿ ಬೆಲೆಯ ಚೀಟಿ ಅಂಟಿಸಿದ್ದ ಗುರುತು ಬಿಟ್ಟರೆ ಇನ್ನೇನೂ ಇರುವುದಿಲ್ಲ.

ಆ ತಳದಲ್ಲಿ ಇರಬೇಕಾಗಿದ್ದ ಹೆಸರು ಬಹುಮಟ್ಟಿಗೆ ಒಬ್ಬ ಗುಡಿಗಾರನದು.

ಗುಡಿಯಿಂದ ಬಂದ ಹೆಸರು

ಶಿವಮೊಗ್ಗ ಜಿಲ್ಲೆಯ ಸಾಗರ, ಸೊರಬ, ಉತ್ತರ ಕನ್ನಡದ ಸಿದ್ದಾಪುರ, ಶಿರಸಿ, ಬನವಾಸಿ, ಕುಮಟಾ, ಹೊನ್ನಾವರ. ಗುಡಿಗಾರರ ಮನೆಗಳಿರುವುದು ಈ ಸೀಮೆಯಲ್ಲಿ. ಗುಡಿಯ ಕೆಲಸ ಮಾಡುವವರು ಗುಡಿಗಾರರು. ಪೋರ್ಚುಗೀಸರ ಕಾಲದಲ್ಲಿ ಗೋವೆ ಬಿಟ್ಟು ಘಟ್ಟ ಹತ್ತಿದವರು, ಕೆಳದಿಯ ಅರಸರ ಆಶ್ರಯದಲ್ಲಿ ನೆಲೆಯಾದವರು ಎಂಬುದು ಅವರ ಮನೆತನಗಳಲ್ಲಿ ಹೇಳಿಕೊಂಡು ಬಂದ ಮಾತು. ದೇವರ ಮಂಟಪ, ಪಲ್ಲಕ್ಕಿ, ತೇರಿನ ಕೆತ್ತನೆ ಒಂದು ಕಡೆ. ಬೆಂಡಿನಲ್ಲಿ ಮದುವೆಯ ಬಾಸಿಂಗ, ದಂಡೆ ಮಾಡುವುದು ಇನ್ನೊಂದು ಕಡೆ. ಗಂಡಸರ ಕೈಗೆ ಉಳಿ ಬಂದರೆ ಬೆಂಡಿನ ಕೆಲಸದಲ್ಲಿ ಹೆಂಗಸರದೂ ಪಾಲು. ಈಗಲೂ ಮಲೆನಾಡಿನ ಮದುವೆಗಳಲ್ಲಿ ಮದುಮಕ್ಕಳ ಹಣೆಯ ಮೇಲಿರುವ ಬಾಸಿಂಗ ಎಷ್ಟೋ ಕಡೆ ಇವರ ಮನೆಯಿಂದಲೇ ಹೋಗುತ್ತದೆ.

ಶಾಸನತಜ್ಞ ಬಿ.ಎಲ್. ರೈಸ್ 19ನೇ ಶತಮಾನದಲ್ಲೇ ತಮ್ಮ ಮೈಸೂರು ಗೆಜೆಟಿಯರ್‌ನಲ್ಲಿ ಇವರನ್ನು ಕುರಿತು ಬರೆದರು. ಪೆಟ್ಟಿಗೆಯ ಮೈತುಂಬ ಹೆಣೆದುಕೊಂಡ ಬಳ್ಳಿ, ಬಳ್ಳಿಯ ನಡುವೆ ದೇವತೆ, ಅಲ್ಲಲ್ಲಿ ಪ್ರಾಣಿ, ಎಲ್ಲೂ ಒಂದಿಷ್ಟೂ ಬರಿ ಜಾಗ ಬಿಡದ ಆ ಕೆಲಸ ಅವರನ್ನು ಬೆರಗುಗೊಳಿಸಿತ್ತು. ದೊಡ್ಡವರಿಗೆ ಬಿನ್ನವತ್ತಳೆ ಅರ್ಪಿಸುವಾಗ ಅದನ್ನು ಗಂಧದ ಕರಂಡಕದಲ್ಲಿಟ್ಟು ಕೊಡುವುದು ಆಗಿನ ರೂಢಿ. ಹಾಗಾಗಿ ಈ ಮಲೆನಾಡಿನ ಕೈಗೆಲಸ ಬ್ರಿಟನ್ನಿನ ಮನೆಗಳನ್ನೂ ಸೇರಿತು. 1897ರಲ್ಲಿ ಮೈಸೂರಿನ ಹಳೆಯ ಅರಮನೆ ಬೆಂಕಿಗೆ ಆಹುತಿಯಾಗಿ, 1912ರ ಹೊತ್ತಿಗೆ ಈಗಿನ ಅರಮನೆ ಮುಗಿದಾಗ ಅದರ ಬಾಗಿಲು, ಚಾವಣಿಗಳಲ್ಲಿ ಮರದ ಕೆತ್ತನೆಗೆ ಸಿಕ್ಕ ಜಾಗವನ್ನು ನೋಡಿದವರೇ ಬಲ್ಲರು. ಅಂಬಾವಿಲಾಸದ ಬಾಗಿಲ ಮುಂದೆ ಸೆಲ್ಫಿ ತೆಗೆಸಿಕೊಂಡ ಅನಿವಾಸಿಗಳಿಗೂ ಅದನ್ನು ಕೆತ್ತಿದವರ ಹೆಸರು ಗೊತ್ತಿಲ್ಲ ಎನ್ನುವುದು ಬೇರೆ ಮಾತು.

ಕೆತ್ತುವವನ ಒಂದು ದಿನ

ಕೆಲಸ ಶುರುವಾಗುವುದು ಉಳಿಯಿಂದಲ್ಲ, ನೋಟದಿಂದ. ಗಂಧದ ತುಂಡು ಕೈಗೆ ಬಂದರೆ ಮೊದಲು ಅದನ್ನು ತಿರುಗಿಸಿ ತಿರುಗಿಸಿ ನೋಡಬೇಕು. ಹೊರಗಿನ ಬಿಳಿ ಮರಕ್ಕೆ ವಾಸನೆಯಿಲ್ಲ, ಅದು ಹೋಗಬೇಕು. ಒಳಗಿನ ಹಳದಿ ಕಂದು ಬಣ್ಣದ ಚೇಗು ಎಷ್ಟಿದೆ, ಎಲ್ಲಿ ಗಂಟಿದೆ, ಎಲ್ಲಿ ಟೊಳ್ಳಿದೆ ಎಂದು ಅಳೆದ ಮೇಲೆ ಅದರೊಳಗೆ ಯಾವ ದೇವರು ಹಿಡಿಸುತ್ತಾನೆಂಬ ಲೆಕ್ಕ. ಡೊಂಕಾದ ತುಂಡು ಕೊಳಲೂದುವ ಕೃಷ್ಣನಾದೀತು, ಮೋಟು ತುಂಡು ಕೂತ ಗಣಪನಾದೀತು. ಕಲ್ಲಿನ ಶಿಲ್ಪಿಗೆ ಬೇಕಾದಷ್ಟು ದೊಡ್ಡ ಬಂಡೆ ಸಿಗಬಹುದು; ಗಂಧದವನು ಮರ ಕೊಟ್ಟಷ್ಟರಲ್ಲೇ ದೇವರನ್ನು ಕೂರಿಸಬೇಕು.

ಅಳತೆಗೆ ತಾಳಮಾನವಿದೆ. ಮುಖದ ಉದ್ದವೇ ಒಂದು ತಾಳ. ಗಣಪತಿಗೆ ಐದು ತಾಳ, ಅದಕ್ಕೇ ಅವನು ಗಿಡ್ಡ. ಬೇರೆ ದೇವತೆಗಳಿಗೆ ಒಂಬತ್ತು, ಹತ್ತು. ಕೈಯಲ್ಲಿ ಏನು ಹಿಡಿದಿರಬೇಕು, ಯಾವ ಕಾಲು ಮಡಿಸಿರಬೇಕು ಎಂಬುದನ್ನು ಧ್ಯಾನಶ್ಲೋಕ ಹೇಳುತ್ತದೆ. ಪೆನ್ಸಿಲ್‌ನಲ್ಲಿ ಗೆರೆ ಹಾಕಿ, ಗರಗಸದಿಂದ ಹೆಚ್ಚಿನದನ್ನು ತೆಗೆದು, ಅಗಲದ ಉಳಿಗೆ ಕೊಡತಿಯಿಂದ ಮೆಲ್ಲಗೆ ಪೆಟ್ಟು ಕೊಡುತ್ತ ಒರಟು ರೂಪ ಬಿಡಿಸುತ್ತಾರೆ. ಆಮೇಲೆ ಕೊಡತಿಗೆ ಕೆಲಸವಿಲ್ಲ. ಉಗುರಿನಷ್ಟು ಅಗಲದ, ಇನ್ನೂ ಕೊನೆಗೆ ಕಡ್ಡಿಯಷ್ಟು ತೆಳುವಾದ ಉಳಿಗಳನ್ನು ಅಂಗೈಯ ಒತ್ತಿನಲ್ಲೇ ಓಡಿಸಬೇಕು. ಗಂಧಕ್ಕೆ ಎಳೆ ಅಷ್ಟು ನುಣುಪು, ಅಷ್ಟು ಒತ್ತು. ಅದಕ್ಕೇ ಕೂದಲೆಳೆಯ ಗೆರೆಯೂ ಅದರಲ್ಲಿ ನಿಲ್ಲುತ್ತದೆ. ತೇಗದಲ್ಲಿ ಅದೇ ಗೆರೆ ಎಳೆದರೆ ಸಿಬಿರು ಏಳುತ್ತದೆ.

ಕೆಳಗೆ ಬಿದ್ದ ಚಕ್ಕೆಯನ್ನು ಯಾರೂ ಗುಡಿಸಿ ಬಿಸಾಡುವುದಿಲ್ಲ. ತೂಕದ ಲೆಕ್ಕದಲ್ಲಿ ಕೊಂಡ ಮರ ಅದು. ಚಕ್ಕೆ, ಪುಡಿ ಎಲ್ಲಕ್ಕೂ ಬೆಲೆಯಿದೆ, ಊದುಬತ್ತಿಗೂ ಎಣ್ಣೆಗೂ ಹೋಗುತ್ತದೆ. ಸಣ್ಣ ಮೂರ್ತಿಗೆ ದಿನಗಳು, ದಶಾವತಾರದಂಥ ತುಂಬು ಕೆತ್ತನೆಗೆ ತಿಂಗಳುಗಳು ಹಿಡಿಯುತ್ತವೆ. ಬೆಳಕು ಸರಿಯಿರಬೇಕು, ಕಣ್ಣು ನೆಟ್ಟಗಿರಬೇಕು. ವಯಸ್ಸಾದಂತೆ ಮೊದಲು ಕೈಕೊಡುವುದು ಕಣ್ಣೇ. ಅಷ್ಟರಲ್ಲಿ ಮಗ ಉಳಿ ಹಿಡಿದಿರಬೇಕಿತ್ತು. ಮಗ ಬೆಂಗಳೂರಿನಲ್ಲಿದ್ದಾನೆ, ಇಲ್ಲವೇ ನಮ್ಮ ಹಾಗೆ ಇನ್ನೂ ದೂರ.

ಮರ ಅರಸನದು, ಆಮೇಲೆ ಸರ್ಕಾರದ್ದು

ಗಂಧದ ಕೆತ್ತನೆಯ ಸಂಕಟಕ್ಕೆ ಮರದ ಕಥೆಯೇ ಮೂಲ. 1792ರಲ್ಲಿ ಟಿಪ್ಪು ಸುಲ್ತಾನ್ ಶ್ರೀಗಂಧವನ್ನು ರಾಜವೃಕ್ಷವೆಂದು ಸಾರಿದ. ಮಹಾರಾಜರು ಬಂದರೂ, ಆಮೇಲೆ ಸರ್ಕಾರ ಬಂದರೂ ಆ ಕಟ್ಟು ಸಡಿಲಲಿಲ್ಲ. ರೈತನ ಹೊಲದ ಬದುವಿನಲ್ಲಿ ತಾನಾಗಿ ಹುಟ್ಟಿದ ಗಂಧದ ಗಿಡವೂ ಸರ್ಕಾರದ ಆಸ್ತಿ. ಕಾಯುವ ಹೊಣೆ ರೈತನದು, ಕಳವಾದರೆ ವಿಚಾರಣೆಯೂ ಅವನಿಗೇ. ಇಂಥ ಮರ ಯಾರಿಗೆ ಬೇಕು? ಮೊಳಕೆಯಲ್ಲೇ ಕಿತ್ತು ಹಾಕಿದವರು ಬೇಕಾದಷ್ಟು ಜನ. ಕಾಡಿನದ್ದನ್ನು ಕಳ್ಳರು ನೋಡಿಕೊಂಡರು. ವೀರಪ್ಪನ್ 2004ರ ಅಕ್ಟೋಬರ್‌ನಲ್ಲಿ ಸತ್ತ, ಕಳ್ಳತನ ಸಾಯಲಿಲ್ಲ. ಬೆಂಗಳೂರಿನ ಕಬ್ಬನ್ ಪಾರ್ಕ್‌ನಂಥ ಕಡೆಯೇ ರಾತ್ರೋರಾತ್ರಿ ಗಂಧದ ಮರ ಮಾಯವಾದ ಸುದ್ದಿಯನ್ನು ಓದುಗರು ಓದಿರುತ್ತಾರೆ.

2001ರಲ್ಲಿ ಕರ್ನಾಟಕ ಅರಣ್ಯ ಕಾಯ್ದೆಗೆ ತಿದ್ದುಪಡಿಯಾಗಿ, ಜಮೀನಿನಲ್ಲಿರುವ ಗಂಧದ ಮರ ಜಮೀನಿನವನದೇ ಎಂದಾಯಿತು. ಆದರೆ ಗಂಧ ಅವಸರದ ಬೆಳೆಯಲ್ಲ. ಅದು ಅರೆ ಪರಾವಲಂಬಿ, ಪಕ್ಕದ ಗಿಡದ ಬೇರಿಗೆ ತನ್ನ ಬೇರು ಚುಚ್ಚಿ ಬದುಕುತ್ತದೆ. ಚೇಗು ಕಟ್ಟತೊಡಗುವುದಕ್ಕೇ ಹತ್ತು ಹದಿನೈದು ವರ್ಷ, ಕೆತ್ತನೆಗೆ ಒದಗುವ ದಪ್ಪ ಬರಲು ಅದರ ಎರಡರಷ್ಟು. ಈ ನಡುವೆ ಆಸ್ಟ್ರೇಲಿಯಾದ ಕುನನಾರಾದಲ್ಲಿ ನಮ್ಮದೇ ಜಾತಿಯ ಶ್ರೀಗಂಧವನ್ನು ನೀರಾವರಿ ತೋಟವಾಗಿ ಬೆಳೆದು ಮಾರುಕಟ್ಟೆಗೆ ತಂದರು. ಮೈಸೂರಿನ ಮರ ಎಂಬ ಹೆಮ್ಮೆಯ ವ್ಯಾಪಾರ ಪಶ್ಚಿಮ ಆಸ್ಟ್ರೇಲಿಯಾಕ್ಕೂ ಹೋಯಿತು.

ಒಂದು ತಮಾಷೆ ಹೇಳಬೇಕು. ಗಂಧದ ಕೋಠಿಗಳಲ್ಲಿ ಮರವನ್ನು ದರ್ಜೆಯಾಗಿ ವಿಂಗಡಿಸುವಾಗ ಎಲ್ಲಕ್ಕಿಂತ ಮೇಲಿನ ದರ್ಜೆಯ ದಿಮ್ಮಿಗೆ ‘ವಿಲಾಯತಿ ಬುಡ’ ಎಂದು ಹೆಸರು. ಅದರ ಕೆಳಗಿನದು ‘ಚೀನಾ ಬುಡ’. ಒಳ್ಳೆಯದು ಸೀಮೆಗೇ ಹೋಗುವುದು ಎಂಬುದು ದಿಮ್ಮಿಯ ಹೆಸರಿನಲ್ಲೇ ಬರೆದಿತ್ತು. ಮಕ್ಕಳನ್ನು ವಿದೇಶಕ್ಕೆ ಕಳಿಸಿದ ಅಪ್ಪ ಅಮ್ಮಂದಿರಿಗೆ ಇದನ್ನು ಬಿಡಿಸಿ ಹೇಳಬೇಕಿಲ್ಲ.

ಗಂಧ ಸಿಗದೆ ಗುಡಿಗಾರರು ಶಿವನೆ, ತೇಗ, ಹಲಸಿನ ಕಡೆ ಹೊರಳಿದ್ದಾರೆ. ಶಿವನೆ ಬಿಳಿಚು ಬಣ್ಣದ ಮೆತ್ತನೆಯ ಮರ, ಕೆತ್ತಲು ಸಲೀಸು. ಕೆಲವರು ಕಲ್ಲಿಗೂ ಹೋದರು. ಕಾರ್ಕಳದ ಬಳಿ ಮಿಯ್ಯಾರಿನಲ್ಲಿ ಕೆನರಾ ಬ್ಯಾಂಕಿನ ಸಿ.ಇ. ಕಾಮತ್ ಕುಶಲಕರ್ಮಿ ತರಬೇತಿ ಸಂಸ್ಥೆಯಲ್ಲಿ ಕಲ್ಲು, ಮರ, ಲೋಹ ಮೂರರಲ್ಲೂ ಹುಡುಗರು ಉಳಿ ಹಿಡಿಯುವುದನ್ನು ಕಲಿಯುತ್ತಾರೆ. ಅಲ್ಲಿ ಜಾತಿ ಮನೆತನದ ಪ್ರಶ್ನೆಯಿಲ್ಲ. ಇದು ಒಳ್ಳೆಯದೇ ಆಯಿತು ಎಂದು ನನ್ನ ಎಣಿಕೆ. ಮನೆಯಲ್ಲಿ ಮಗ ಕೂರದಿದ್ದರೆ ಬೇರೆ ಮನೆಯ ಮಗ ಕೂರಲಿ.

ಬೇಲೂರಿನಲ್ಲಿ ರುಜು ಹಾಕಿದ್ದರು

ಕುಶಲಕರ್ಮಿ ಹೆಸರು ಹಾಕಿಕೊಳ್ಳಬಾರದು, ಅದು ದೇವರ ಕೆಲಸ ಎಂಬ ಮಾತನ್ನು ಬಹಳ ಜನ ಹೇಳುತ್ತಾರೆ. ಕೇಳಲು ಚೆನ್ನ. ಆದರೆ ನಮ್ಮ ನಾಡಿನ ಹಳೆಯ ಶಿಲ್ಪಿಗಳೇ ಅದಕ್ಕೆ ಒಪ್ಪಿರಲಿಲ್ಲ. 1117ರಲ್ಲಿ ಪ್ರತಿಷ್ಠೆಯಾದ ಬೇಲೂರಿನ ಚೆನ್ನಕೇಶವ ದೇವಾಲಯದಲ್ಲಿ ಬಳ್ಳಿಗಾವಿಯ ದಾಸೋಜ, ಅವನ ಮಗ ಚಾವಣ ತಾವು ಕಡೆದ ಶಿಲ್ಪದ ಕೆಳಗೆ ಊರಿನೊಂದಿಗೆ ಹೆಸರು ಕೊರೆದಿದ್ದಾರೆ. 13ನೇ ಶತಮಾನದ ಸೋಮನಾಥಪುರದಲ್ಲಿ ಮಲ್ಲಿತಮ್ಮನ ಹೆಸರು ಮತ್ತೆ ಮತ್ತೆ ಕಾಣುತ್ತದೆ. ಬಳ್ಳಿಗಾವಿ ಇರುವುದು ಈಗಿನ ಶಿಕಾರಿಪುರ ತಾಲ್ಲೂಕಿನಲ್ಲಿ, ಗುಡಿಗಾರರ ಸೊರಬಕ್ಕೆ ನೆರೆಯ ಸೀಮೆ. 900 ವರ್ಷಗಳ ಹಿಂದೆ ಅದೇ ಮಣ್ಣಿನ ಶಿಲ್ಪಿ ಹೆಸರು ಹಾಕಿದ್ದ. ಇವತ್ತು ಅಲ್ಲಿಂದ ಹೊರಡುವ ಗಣಪನ ತಳ ಖಾಲಿ.

ಲಾಸ್ ಏಂಜಲೀಸ್‌ನಲ್ಲಿ ಕೂತು ಇದನ್ನು ಯೋಚಿಸಲು ಒಂದು ಕಾರಣವಿದೆ. ನಾರ್ತ್‌ರಿಜ್‌ನಿಂದ ಪೂರ್ವಕ್ಕೆ 210 ಫ್ರೀವೇ ಹಿಡಿದು ಒಂದು ಗಂಟೆ ಹೋದರೆ ಆಲ್ಟಾ ಲೋಮಾ. ಅಲ್ಲಿ ಸ್ಯಾಮ್ ಮಲೂಫ್ ಎಂಬ ಮರಗೆಲಸದವರ ಮನೆಯಿದೆ. ಲೆಬನಾನಿನಿಂದ ವಲಸೆ ಬಂದವರ ಮಗ, 1916ರಲ್ಲಿ ಚೀನೊ ಎಂಬ ಊರಿನಲ್ಲಿ ಹುಟ್ಟಿದವರು. ಮರಗೆಲಸದ ಶಾಲೆಗೆ ಹೋದವರಲ್ಲ. ಕೈಯಿಂದಲೇ ತಿದ್ದಿ ತೀಡಿ ಮಾಡಿದ ಅವರ ತೂಗುಕುರ್ಚಿ ಶ್ವೇತಭವನ ಸೇರಿತು. 1985ರಲ್ಲಿ ಮೆಕಾರ್ಥರ್ ಫೆಲೋಶಿಪ್ ಬಂದಾಗ, ಆ ಗೌರವ ಪಡೆದ ಮೊದಲ ಕರಕುಶಲಿ ಅವರು. ಕಾರ್ಖಾನೆಗೆ ವಿನ್ಯಾಸ ಮಾರಿ ದುಡ್ಡು ಮಾಡುವ ಅವಕಾಶವಿದ್ದರೂ ಒಲ್ಲೆ ಎಂದರು. ತಮ್ಮನ್ನು ಕಲಾವಿದ ಎಂದೂ ಕರೆದುಕೊಳ್ಳಲಿಲ್ಲ, ಮರಗೆಲಸದವನು ಎಂದರು. ಆದರೆ ಮಾಡಿದ್ದಕ್ಕೆ ಹೆಸರು ಹಾಕಿದರು. 2009ರಲ್ಲಿ ತೀರಿಕೊಂಡ ಮೇಲೂ ಆ ಹೆಸರಿನಿಂದಲೇ ಆ ಕುರ್ಚಿಗಳಿಗೆ ಬೆಲೆ. ಫ್ರೀವೇ ಬರುತ್ತದೆಂದು ಅವರ ಮನೆಯನ್ನೇ ಎತ್ತಿ ಬೇರೆಡೆ ಕೂರಿಸಿದರು. ನಿಗದಿತ ದಿನಗಳಲ್ಲಿ ಅದನ್ನು ಹೋಗಿ ನೋಡಬಹುದು. ಊರಿನಿಂದ ಬಂದ ಅಪ್ಪನನ್ನು ಹಾಲಿವುಡ್ ರಸ್ತೆಯ ನಕ್ಷತ್ರ ತೋರಿಸಲು ಕರೆದೊಯ್ಯುವ ಬದಲು ಇಲ್ಲಿಗೆ ಕರೆದೊಯ್ದರೆ, ಮರ ಬಲ್ಲವರಾದರೆ, ಖುಷಿಪಟ್ಟಾರು.

ಇನ್ನೂ ದಕ್ಷಿಣದ ಸ್ಯಾನ್ ಡಿಯೇಗೊದಲ್ಲಿ ಎರಡು ಕಡೆ ಇದೇ ಪ್ರಶ್ನೆಗೆ ಎರಡು ಉತ್ತರ ಸಿಗುತ್ತವೆ. ಬಾಲ್ಬೋವಾ ಪಾರ್ಕ್‌ನ ಮಿಂಗೇ ಮ್ಯೂಸಿಯಂ ಜಗತ್ತಿನ ಜನಸಾಮಾನ್ಯರ ಕರಕುಶಲ ವಸ್ತುಗಳ ಮನೆ. ಮಡಕೆಗಾರ್ತಿ ಮಾರ್ಥಾ ಲಾಂಗನೆಕರ್ 1978ರಲ್ಲಿ ಅದನ್ನು ಕಟ್ಟಿದರು. ಮಿಂಗೇ ಎಂಬುದು ಜಪಾನಿನ ಯಾನಾಗಿ ಸೋಎತ್ಸು ಅವರ ಚಿಂತನೆಯಿಂದ ಬಂದ ಪದ. ಹೆಸರಿಲ್ಲದ ಕುಶಲಕರ್ಮಿ ದಿನಬಳಕೆಗೆಂದು ಮಾಡಿದ ವಸ್ತುವಿನಲ್ಲೇ ನಿಜವಾದ ಚೆಲುವು ಎಂದು ಅವರು ನಂಬಿದ್ದರು. ಇನ್ನೊಂದು ಕಡೆ, ಡೆಲ್ ಮಾರ್‌ನಲ್ಲಿ ಬೇಸಿಗೆಯಲ್ಲಿ ನಡೆಯುವ ಸ್ಯಾನ್ ಡಿಯೇಗೊ ಕೌಂಟಿ ಜಾತ್ರೆಯಲ್ಲಿ ‘ಡಿಸೈನ್ ಇನ್ ವುಡ್’ ಎಂಬ ಮರಗೆಲಸದ ಸ್ಪರ್ಧೆ, ಪ್ರದರ್ಶನವಿದೆ. ಅಲ್ಲಿ ಹವ್ಯಾಸಕ್ಕೆ ಗ್ಯಾರೇಜಿನಲ್ಲಿ ಉಳಿ ಹಿಡಿದವನ ಕೆಲಸಕ್ಕೂ ಅವನ ಹೆಸರಿನ ಚೀಟಿಯಿರುತ್ತದೆ.

ಯಾನಾಗಿಯವರ ಮಾತಿನ ಸೊಗಸು ನನಗೂ ಹಿಡಿಸುತ್ತದೆ. ಆದರೆ ಹೆಸರಿಲ್ಲದಿರುವ ಚೆಲುವನ್ನು ಸಂಗ್ರಹಿಸುವವರು ಅನುಭವಿಸುತ್ತಾರೆ. ಹೆಸರಿಲ್ಲದಿರುವ ನಷ್ಟವನ್ನು ಮಾಡಿದವರು ಅನುಭವಿಸುತ್ತಾರೆ. ಗಿರಾಕಿಗೆ ಗುಡಿಗಾರನ ಹೆಸರು ಗೊತ್ತಿದ್ದರೆ ಎರಡನೆಯ ಮೂರ್ತಿಗೆ ನೇರ ಅವನ ಮನೆಗೇ ಹೋಗುತ್ತಾನೆ, ಅವನ ಕೈಗೆಲಸಕ್ಕೂ ಪಕ್ಕದವನದಕ್ಕೂ ವ್ಯತ್ಯಾಸ ಕಾಣುತ್ತಾನೆ. ಗೊತ್ತಿಲ್ಲದಿದ್ದರೆ ಕಂಪ್ಯೂಟರಿನ ಮೆಷಿನ್ನು ಒಂದೇ ಅಚ್ಚಿನಲ್ಲಿ ಕೊರೆದು ಹಾಕಿದ ನೂರು ಗಣಪಗಳ ಪಕ್ಕದಲ್ಲಿ ಇವನ ಗಣಪನೂ ಒಂದು. ಕೇಂದ್ರ ಸರ್ಕಾರ 1965ರಿಂದ ಕುಶಲಕರ್ಮಿಗಳಿಗೆ ರಾಷ್ಟ್ರಪ್ರಶಸ್ತಿ ಕೊಡುತ್ತಿದೆ, ರಾಜ್ಯದಲ್ಲಿ ಜಕಣಾಚಾರಿ ಪ್ರಶಸ್ತಿಯಿದೆ. ಪ್ರಶಸ್ತಿಪತ್ರದಲ್ಲಿ ಹೆಸರಿದೆ. ಅಂಗಡಿಯ ರಸೀದಿಯಲ್ಲಿ ಇಲ್ಲ.

ಕೊಳ್ಳುವಾಗ, ತರುವಾಗ

ಈ ಬೇಸಿಗೆಗೆ ಇಲ್ಲಿಗೆ ಬರಲಿರುವ ಅಪ್ಪ ಅಮ್ಮಂದಿರಿಗೆ ಕೆಲವು ಮಾತು. ಬೀದಿಬದಿಯಲ್ಲಿ ಗಂಧದ್ದೆಂದು ಅಗ್ಗಕ್ಕೆ ಮಾರುವುದು ಬಹಳ ಸಲ ಬೇರೆ ಬಿಳಿ ಮರ, ಮೇಲೆ ಗಂಧದೆಣ್ಣೆ ಸವರಿರುತ್ತಾರೆ. ಕೆಲವೇ ತಿಂಗಳಲ್ಲಿ ವಾಸನೆ ಹೋಗುತ್ತದೆ. ನಿಜವಾದ ಚೇಗಿನ ತಳವನ್ನು ಸ್ವಲ್ಪ ಉಜ್ಜಿದರೆ ವರ್ಷಗಳ ಮೇಲೂ ಪರಿಮಳ ಏಳುತ್ತದೆ, ಕೈಗೆ ಭಾರವೂ ಹೌದು. 1964ರಲ್ಲಿ ಹುಟ್ಟಿದ ರಾಜ್ಯ ಕರಕುಶಲ ಅಭಿವೃದ್ಧಿ ನಿಗಮದ ಕಾವೇರಿ ಮಳಿಗೆಗಳಲ್ಲಿ ಕೊಂಡರೆ ರಸೀದಿ ಸಿಗುತ್ತದೆ. ಆ ರಸೀದಿಯನ್ನು ಸೂಟ್‌ಕೇಸಿನಲ್ಲಲ್ಲ, ಕೈಚೀಲದಲ್ಲಿಡಿ. ಕೆತ್ತಿ ಮುಗಿಸಿದ ಕರಕುಶಲ ವಸ್ತು ಒಯ್ಯುವುದು ಬೇರೆ, ಗಂಧದ ಕೊರಡು ಅಥವಾ ಚಕ್ಕೆ ಒಯ್ಯುವುದು ಬೇರೆ. ತೇಯಲು ಒಂದು ತುಂಡಿರಲಿ ಎಂದು ಕೊರಡನ್ನು ಸೀರೆಯೊಳಗೆ ಸುತ್ತಿ ತರುವುದು ಬೇಡ.

ಮೈಸೂರಿನ ಬೀಟೆ ಮರದ ಆನೆ, ಕೆತ್ತು ಕೂರಿಸಿದ ಚಿತ್ರಫಲಕ ತರುವವರು ಗಮನಿಸಬೇಕು. ಬೀಟೆ 2017ರ ಜನವರಿಯಿಂದ ಅಂತರರಾಷ್ಟ್ರೀಯ ಸೈಟಿಸ್ ಒಪ್ಪಂದದ ಎರಡನೇ ಪಟ್ಟಿಯಲ್ಲಿದೆ. 2019ರ ಕೊನೆಗೆ ಬಂದ ಸಡಿಲಿಕೆಯಂತೆ, ಒಂದು ರವಾನೆಯಲ್ಲಿ ಬೀಟೆಯ ತೂಕ 10 ಕೆ.ಜಿ. ಮೀರದಿದ್ದರೆ ಸಿದ್ಧವಸ್ತುವಿಗೆ ಆ ಅನುಮತಿಪತ್ರ ಬೇಕಿಲ್ಲ. ಅಜ್ಜನ ಕಾಲದ ದಂತ ಕೂರಿಸಿದ ಪೆಟ್ಟಿಗೆಯನ್ನಂತೂ ತರಲೇಬೇಡಿ. ಅಮೆರಿಕ ದಂತಕ್ಕೆ ಬಾಗಿಲು ಬಹುತೇಕ ಮುಚ್ಚಿದೆ, ಕ್ಯಾಲಿಫೋರ್ನಿಯಾದಲ್ಲಿ 2016ರ ಜುಲೈನಿಂದ ಅದರ ಮಾರಾಟವೂ ನಿಷಿದ್ಧ. ಸಂದರ್ಶಕ ವೀಸಾದಲ್ಲಿ ಬರುವವರ ಉಡುಗೊರೆಗಳಿಗೆ ಸುಂಕ ವಿನಾಯಿತಿ 100 ಡಾಲರ್‌ವರೆಗೆ ಮಾತ್ರ, ಇಲ್ಲಿನ ನಿವಾಸಿಗಳಿಗೆ 800. ವಿಮಾನ ನಿಲ್ದಾಣದಲ್ಲಿ ಕೇಳಿದರೆ ಮರದ ಮೂರ್ತಿಯಿದೆ ಎಂದು ಹೇಳಿಬಿಡಿ, ಮುಚ್ಚಿಡುವಂಥದ್ದೇನೂ ಅಲ್ಲ. ಅಂಚೆಯಲ್ಲಿ ತರಿಸುವವರಿಗೆ 800 ಡಾಲರ್‌ವರೆಗಿದ್ದ ಸುಂಕ ವಿನಾಯಿತಿ 2025ರ ಆಗಸ್ಟ್ 29ಕ್ಕೆ ನಿಂತಿತು. ಸುಂಕದ ದರ ಆಗಾಗ ಬದಲಾಗುತ್ತಿದೆ, ಕಳಿಸುವ ಮುನ್ನ ವಿಚಾರಿಸಿಕೊಳ್ಳಿ.

ಇಲ್ಲಿಗೆ ಬಂದ ಮೇಲೆ ಮೂರ್ತಿಗೆ ಎರಡು ಶತ್ರು. ಒಂದು ಗಾಳಿ. ಸಾಗರದ ಮಳೆಗಾಲ ಕಂಡ ಮರಕ್ಕೆ ಇಲ್ಲಿನ ಸಾಂತಾ ಅನಾ ಗಾಳಿ ಹೊಸದು. ಮರುಭೂಮಿಯ ಕಡೆಯಿಂದ ಅದು ಬೀಸಿದಾಗ ಗಾಳಿಯ ತೇವಾಂಶ ಶೇ 10ಕ್ಕೂ ಕೆಳಗೆ ಇಳಿಯುವುದುಂಟು. ತುಟಿ ಒಡೆಯುವ ಹಾಗೆ ಮರವೂ ಒಡೆಯುತ್ತದೆ. ಹೀಟರಿನ ಬಾಯಿಯ ಎದುರು, ಬಿಸಿಲು ಬೀಳುವ ಕಿಟಕಿಯ ಬಳಿ ಇಡಬೇಡಿ. ನೀರಿನಲ್ಲಿ ತೊಳೆಯಬೇಡಿ, ಅಭಿಷೇಕವನ್ನು ಬೆಳ್ಳಿ ಮೂರ್ತಿಗೆ ಮಾಡಿ. ಧೂಳು ತೆಗೆಯಲು ಮೆತ್ತನೆಯ ಬ್ರಷ್ ಸಾಕು. ವಾರ್ನಿಷ್ ಬಳಿದರೆ ಪರಿಮಳಕ್ಕೆ ಬೀಗ ಹಾಕಿದಂತೆ.

ಇನ್ನೊಂದು ಶತ್ರು ನೆಲ. ಈ ಊರಿನ ಹೆಸರಿನಲ್ಲೇ ಒಂದು ಭೂಕಂಪವಿದೆ. 1994ರ ಜನವರಿ 17ರ ಬೆಳಗಿನ ಜಾವ 4.31ಕ್ಕೆ 6.7 ತೀವ್ರತೆಯಲ್ಲಿ ಕಣಿವೆ ನಡುಗಿದಾಗ ಶೆಲ್ಫಿನ ಮೇಲಿದ್ದದ್ದೆಲ್ಲ ನೆಲಕ್ಕೆ ಬಿತ್ತು. ಮ್ಯೂಸಿಯಂಗಳಲ್ಲಿ ವಸ್ತುಗಳ ತಳಕ್ಕೆ ಹಚ್ಚುವ ಮೇಣದಂಥ ಅಂಟು ಇಲ್ಲಿನ ಹಾರ್ಡ್‌ವೇರ್ ಅಂಗಡಿಗಳಲ್ಲೇ ಸಿಗುತ್ತದೆ, ಮ್ಯೂಸಿಯಂ ಪುಟ್ಟಿ ಎನ್ನುತ್ತಾರೆ. ಬೇಕಾದಾಗ ತಿರುವಿ ಬಿಡಿಸಬಹುದು. ಗಂಧದ ಸೊಂಡಿಲು, ಕಿವಿಯ ಅಂಚು ಬಲು ತೆಳು. ಮುರಿದರೆ ಅಂಟಿಸಿದ ಗುರುತು ಉಳಿಯುತ್ತದೆ.

ಅದನ್ನು ಹಚ್ಚುವ ಮುನ್ನ ಮೂರ್ತಿಯ ತಳ ಒಮ್ಮೆ ನೋಡಿ. ಖಾಲಿಯಿದ್ದರೆ, ಕೊಂಡ ಊರು, ವರ್ಷ ನೆನಪಿದ್ದಷ್ಟನ್ನು ಒಂದು ಚೀಟಿಯಲ್ಲಿ ಬರೆದು ಜೊತೆಗಿಡಿ. ಮುಂದಿನ ಸಲ ಸಾಗರಕ್ಕೋ ಸೊರಬಕ್ಕೋ ಹೋದಾಗ ಕೆತ್ತಿದವರ ಮನೆಯಲ್ಲೇ ಕೊಳ್ಳುವುದಾದರೆ, ದುಡ್ಡು ಕೊಡುವ ಮೊದಲು ತಳದಲ್ಲಿ ಹೆಸರು, ಊರು, ಇಸವಿ ಕೊರೆದುಕೊಡಿ ಎಂದು ಕೇಳಿ. ಬೇಲೂರಿನ ಕಲ್ಲಿನಲ್ಲಿ ಹಾಕಿದ್ದಾರಲ್ಲ ಎಂದು ನೆನಪಿಸಿ. ಸಂಕೋಚಪಟ್ಟರೂ ಹಾಕಿಕೊಟ್ಟಾರು, ಅದಕ್ಕೆ ಹತ್ತು ನಿಮಿಷವೂ ಬೇಡ, ಚಿಕ್ಕ ಉಳಿ ಹೇಗೂ ಕೈಯಲ್ಲೇ ಇರುತ್ತದೆ.